ನಾಲ್ಕು ಸಾಲಿನ ಪರಿಚಯ

ಹಯವದನ ಮೂರನೆಯ ಹಾಳೆ ಮಗುಚಿದಾಗ ಮೋಯಿನ್‌ಗೆ ಅನುಮಾನ ಬಂತು. ನಾಲ್ಕನೆಯದಕ್ಕೆ ಬಂದಾಗ ಅದು ಅನುಮಾನವಾಗಿ ಉಳಿಯಲಿಲ್ಲ.

"ಶ್ರೀಮತಿ ರಾಬಿಯಾ ಅವರು ತಮ್ಮ ಒಂಬತ್ತನೆಯ ವಯಸ್ಸಿನಲ್ಲಿ ಬ್ರಸೆಲ್ಸ್ ನಗರದ ಶಾಲೆಗೆ ಸೇರಿದರು," ಎಂದು ಹಯವದನ ಮೈಕಿಗೆ ಬಾಯಿ ಹಚ್ಚಿ ಓದುತ್ತಿದ್ದರು. "ಆಗ ಅವರಿಗೆ ಫ್ರೆಂಚ್ ಭಾಷೆಯ ಗಂಧಗಾಳಿಯೂ ಇರಲಿಲ್ಲ. ಮೊದಲ ತಿಂಗಳು ತರಗತಿಯಲ್ಲಿ ಎಲ್ಲರೂ ನಕ್ಕಾಗ ಇವರೂ ನಕ್ಕರು. ಎರಡನೆಯ ತಿಂಗಳು, ಎಲ್ಲರೂ ನಗುತ್ತಿರುವುದು ತಮ್ಮನ್ನು ನೋಡಿಯೇ ಎಂದು ಇವರಿಗೆ ತಿಳಿದುಬಂತು. ಮೂರನೆಯ ತಿಂಗಳಿನಿಂದ ಅದಕ್ಕೆ ಟಿಕೆಟ್ ಇಡಲು ನಿರ್ಧರಿಸಿದರು."

ಸಭೆ ಗಂಭೀರವಾಗಿ ಚಪ್ಪಾಳೆ ತಟ್ಟಿತು. ಪಾಪ, ಎಷ್ಟು ಕಷ್ಟಪಟ್ಟು ಮೇಲೆ ಬಂದಿದ್ದಾಳೆ ಎನ್ನುವ ಚಪ್ಪಾಳೆ ಅದು. ವೇದಿಕೆಯ ಮೇಲೆ ಅಧ್ಯಕ್ಷರ ಪಕ್ಕದಲ್ಲಿ ಕೂತಿದ್ದ ರಾಬಿಯಾ ಮುಖದ ಮೇಲಿನ ನಗುವನ್ನು ಹಾಗೇ ಇಟ್ಟುಕೊಂಡು, ಮಡಿಲಲ್ಲಿದ್ದ ಪುಟ್ಟ ಚೀಟಿಯನ್ನು ಎರಡಾಗಿ ಮಡಚಿದಳು. ಮೂರನೆಯ ಸಾಲಿನಲ್ಲಿದ್ದ ಮೋಯಿನ್‌ಗೆ ಮಾತ್ರ ಗೊತ್ತಿತ್ತು, ಈಗ ಹಯವದನ ಓದಿದ್ದು ಅವಳ ಹತ್ತು ನಿಮಿಷದ ಕಾರ್ಯಕ್ರಮದ ಮೊದಲ ಹಾಸ್ಯ. ಅದನ್ನು ಹಯವದನರ ಕೈಗೆ ಕೊಟ್ಟವನೂ ಅವನೇ.

ಆದದ್ದು ಇಷ್ಟು. ಎರಡು ವಾರದ ಹಿಂದೆ ಸ್ವೀಡನ್ನಿನ ಮೆಲಾರೆನ್ ಕನ್ನಡ ಕೂಟದ ಕಾರ್ಯದರ್ಶಿ ಹಯವದನ ವಾಟ್ಸಾಪಿನಲ್ಲಿ ಕೇಳಿದ್ದರು: "ಮೋಯಿನ್ ಸರ್, ಮೇಡಂ ಬಗ್ಗೆ ನಾಲ್ಕು ಸಾಲು ಕಳ್ಸಿ, ಯುಗಾದಿ ಕಾರ್ಯಕ್ರಮದ ಅತಿಥಿ ಪರಿಚಯಕ್ಕೆ." ಹೆಂಡತಿಯ ಬಗ್ಗೆ ನಾಲ್ಕು ಸಾಲು ಬರೆಯುವ ಗಂಡಸು ಬೇರೆ ಯಾರಾದರೂ ಇರಬಹುದು, ಮೋಯಿನ್ ಅಲ್ಲ. ಅವನ ಬಳಿ ಒಂದು ನೋಟ್‌ಬುಕ್ ಇತ್ತು, ಒಂಬತ್ತು ವರ್ಷಗಳದ್ದು. ಅವಳು ಹೇಳಿದ ಒಳ್ಳೆಯ ಹಾಸ್ಯಗಳನ್ನೆಲ್ಲ ದಿನಾಂಕ ಸಮೇತ ಕನ್ನಡದಲ್ಲಿ ಬರೆದಿಟ್ಟಿದ್ದ. ಆ ಪುಸ್ತಕ ಇರುವುದು ರಾಬಿಯಾಗೇ ಗೊತ್ತಿರಲಿಲ್ಲ. ಅದರಲ್ಲಿ ತನಗೆ ಅತಿ ಪ್ರಿಯವಾದ ಹದಿನಾಲ್ಕು ಪುಟಗಳ ಫೋಟೋ ತೆಗೆದು ಕಳಿಸಿ, "ಬೇಕಾದ್ದು ಆರಿಸಿಕೊಳ್ಳಿ" ಎಂದು ಬರೆದ. ಹಯವದನ ಸಾಫ್ಟ್‌ವೇರ್ ಪರೀಕ್ಷಿಸುವ ಕೆಲಸದವರು, ಒಂದನ್ನೂ ಬಿಡುವ ಜಾಯಮಾನದವರಲ್ಲ. ಅತಿಥಿಯ ಸಾಧನೆಗೆ ಕತ್ತರಿ ಹಾಕುವುದು ಅಗೌರವ ಎಂದು ಹದಿನಾಲ್ಕನ್ನೂ ಟೈಪ್ ಮಾಡಿಸಿದ್ದರು.

"ಸ್ವೀಡನ್ನಿನಲ್ಲಿ ಜನರು ದೇವರನ್ನು ನಂಬುವುದಿಲ್ಲ ಎಂದು ಇವರು ಅಭಿಪ್ರಾಯಪಡುತ್ತಾರೆ," ಹಯವದನ ಮುಂದುವರಿಸಿದರು. "ಆದರೆ ಕಟ್ಟಡದವರೆಲ್ಲ ಬಳಸುವ ಬಟ್ಟೆ ಒಗೆಯುವ ಕೋಣೆಯಲ್ಲಿ ಮೆಷೀನಿನ ಫಿಲ್ಟರ್ ಸ್ವಚ್ಛಗೊಳಿಸದೆ ಬಂದರೆ, ಮೇಲಿನಿಂದ ಯಾರೋ ನೋಡುತ್ತಿದ್ದಾರೆ ಎಂಬ ಭಯ ಎಲ್ಲರಿಗೂ ಇದೆ ಎಂಬುದು ಇವರ ಅನಿಸಿಕೆ."

ಯಾರೋ ಒಬ್ಬರು ಹೌದೆನ್ನುವಂತೆ ತಲೆಯಾಡಿಸಿದರು. ರಾಬಿಯಾ ಚೀಟಿಯನ್ನು ನಾಲ್ಕಾಗಿ ಮಡಚಿದಳು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎನ್ನುತ್ತಾರೆ. ಹಾಸ್ಯದ ಮಾತಂತೂ ಒಮ್ಮೆ ತಪ್ಪು ಬಾಯಲ್ಲಿ ಬಿದ್ದರೆ ಮುಗಿದೇ ಹೋಯಿತು. ಮೋಯಿನ್‌ಗೆ ನೆಲ ಬಿರಿದು ಒಳಗೆ ಹೋದರೆ ಸಾಕು ಅನ್ನಿಸಿತು.

ಬೇರೆ ದಿನವಾಗಿದ್ದರೆ ಮನೆಗೆ ಹೋಗಿ ಕಾಲು ಹಿಡಿದು ಕ್ಷಮೆ ಕೇಳುತ್ತಿದ್ದ. ಆದರೆ ಇವತ್ತು ಬೇರೆ ದಿನವಾಗಿರಲಿಲ್ಲ.

ರಾಬಿಯಾಳ ತಂದೆ ಅಬೂಬಕ್ಕರ್ ಪುತ್ತೂರಿನ ಕಡೆಯವರು, ಬ್ರಸೆಲ್ಸ್‌ನಲ್ಲಿ ಹೋಟೆಲಿನ ಅಡುಗೆಯವರಾಗಿದ್ದರು. ಮಗಳು ಇಪ್ಪತ್ತಮೂರಕ್ಕೆ ಒಂದು ನೆಲಮಾಳಿಗೆಯಲ್ಲಿ ಮೊದಲ ಸಲ ಮೈಕ್ ಹಿಡಿದಾಗ ಅವರು ಟಿಫಿನ್ ಕ್ಯಾರಿಯರ್ ಹಿಡಿದು ಬಾಗಿಲ ಬಳಿ ನಿಂತಿದ್ದರಂತೆ. ಹುಡುಗಿ ಜನರನ್ನು ನಗಿಸಬಾರದೆಂದು ಅವರು ಹೇಳಲಿಲ್ಲ, ಹಸಿದುಕೊಂಡು ನಗಿಸಬಾರದೆಂದಷ್ಟೇ ಹೇಳಿದರು. ಅಲ್ಲಿಂದ ಅವಳು ಲಿಯೇಜ್, ನಾಮ್ಯೂರ್, ಲೀಲ್, ಜಿನೀವಾ ಎಂದು ಫ್ರೆಂಚ್ ಮಾತನಾಡುವ ಊರುಗಳ ರಂಗಮಂದಿರಗಳನ್ನೆಲ್ಲ ಸುತ್ತಿದಳು. ಇಪ್ಪತ್ತಾರಕ್ಕೆ ಬ್ರಸೆಲ್ಸ್‌ನ ಒಂದು ರೇಡಿಯೋ ಕರೆದು, ಪ್ರತಿ ಗುರುವಾರ ಬೆಳಗ್ಗೆ ಎಂಟಕ್ಕೆ ಹತ್ತು ನಿಮಿಷ ಇರುವಾಗ ಮೂರು ನಿಮಿಷದ ಹಾಸ್ಯ ಹೇಳು ಎಂದಿತು. ಹನ್ನೊಂದು ವರ್ಷ ಒಂದು ಗುರುವಾರವೂ ತಪ್ಪಿಸಲಿಲ್ಲ. ಮಗಳು ಅಫ್ಶೀನ್ ಹುಟ್ಟಿದ್ದು ಮಂಗಳವಾರ; ಆ ಗುರುವಾರವೂ ಆಸ್ಪತ್ರೆಯ ಮಂಚದಿಂದಲೇ ಮಾತಾಡಿದಳು. ಮೋಯಿನ್‌ಗೆ ಇವತ್ತಿಗೂ ಅದೊಂದು ಸೋಜಿಗ. ಬರಿಗೈಯಲ್ಲಿ, ಬರೀ ಮಾತಿನಿಂದ, ಗುರುತಿಲ್ಲದ ಸಾವಿರಾರು ಜನರ ಕಾಫಿ ಕಪ್ಪನ್ನು ತುಟಿಯ ಹತ್ತಿರ ತಡೆದು ನಿಲ್ಲಿಸುವವಳು ಇವಳು.

ಮೋಯಿನ್ ದಾವಣಗೆರೆಯವನು. ಅವನ ಮನೆಮಾತು ಉರ್ದು, ಅವಳದು ಬ್ಯಾರಿ. ಹಾಗಾಗಿ ಗಂಡಹೆಂಡಿರ ನಡುವೆ ಇದ್ದದ್ದು ಕನ್ನಡ. ಅವಳದು ಒಂಬತ್ತನೆಯ ವಯಸ್ಸಿಗೆ ನಿಂತುಹೋದ ಪುತ್ತೂರಿನ ಕನ್ನಡ. ಮೂರು ವರ್ಷದ ಹಿಂದೆ ಅವನಿಗೆ ಸ್ವೀಡನ್ನಿನ ವೆಸ್ಟೆರಾಸಿನಲ್ಲಿ ಕೆಲಸ ಸಿಕ್ಕಿದಾಗ, "ರೇಡಿಯೋಗೆ ಕಾಲು ಉಂಟಾ ಮಾರಾಯ, ಎಲ್ಲಿಂದಲೂ ಮಾಡಬಹುದು" ಎಂದು ಅವಳೇ ಧೈರ್ಯ ಹೇಳಿದ್ದಳು. ದೊಡ್ಡ ಟ್ರಾನ್ಸ್‌ಫಾರ್ಮರುಗಳು ಎಷ್ಟು ಸದ್ದು ಮಾಡುತ್ತವೆ ಎಂದು ಅಳೆಯುವುದು ಮೋಯಿನ್‌ನ ಕೆಲಸ. ಸದ್ದನ್ನು ಹಿಡಿಯುವ ವಿದ್ಯೆ ಬಲ್ಲವನಾದ್ದರಿಂದ ಮನೆಯ ಗೋಡೆಯೊಳಗಿನ ದೊಡ್ಡ ಬಟ್ಟೆ ಬೀರುವನ್ನೇ ಸ್ಟುಡಿಯೋ ಮಾಡಿಕೊಟ್ಟ. ಚಳಿಗಾಲದ ಕೋಟುಗಳ ನಡುವೆ ಮೈಕ್ ಸಿಕ್ಕಿಸಿ, ಬಾಗಿಲಿಗೆ ಕಂಬಳಿ ಹೊಡೆದ.

ಬುಧವಾರ ಸಂಜೆ ರಾಬಿಯಾ ಆ ವಾರದ ಹಾಸ್ಯವನ್ನು ಮೊದಲು ಅವನಿಗೆ ಕನ್ನಡದಲ್ಲಿ ಹೇಳುತ್ತಿದ್ದಳು. ಅವನು ಮುಖ ಗಂಟಿಕ್ಕಿ ಕೇಳಿ, "ಆಮೇಲೆ?" ಎನ್ನುತ್ತಿದ್ದ. ಅಷ್ಟೇ. ಆಮೇಲೆ ಅವಳು ಬೀರುವಿನೊಳಗೆ ಹೋಗಿ ಅದನ್ನೇ ಫ್ರೆಂಚಿನಲ್ಲಿ ಹೇಳುವಾಗ ಅವನು ಹೊರಗೆ ನೆಲದ ಮೇಲೆ ಕೂತು, ಮಗಳು ಸದ್ದು ಮಾಡದಂತೆ ಕಾಯುತ್ತಿದ್ದ. ಮದುವೆಯಾದ ಹೊಸದರಲ್ಲಿ ಬ್ರಸೆಲ್ಸ್‌ನ ಮನೆಯಲ್ಲೂ ಒಮ್ಮೆ ಹೀಗೆ ಕೂತಿದ್ದಾಗ, ಕನ್ನಡದಲ್ಲಿ ಕೇಳಿದ್ದು ನೆನಪಾಗಿ, ನಗು ತಡೆಯಲು ಹೋಗಿ ಕೆಮ್ಮು ಬಂದು ರೆಕಾರ್ಡಿಂಗ್ ಕೆಟ್ಟು, ಅವಳು ಮತ್ತೆ ಮೂರು ಸಲ ಹೇಳಬೇಕಾಗಿತ್ತು. ಮೂರನೆಯ ಸಲಕ್ಕೆ ಆ ಮಾತಿನ ಜೀವವೇ ಹೋಗಿತ್ತು. ಅವತ್ತೇ ಅವನು ಪಣ ತೊಟ್ಟ, ಇನ್ನು ನಗುವುದಿಲ್ಲ. ನಗು ಬಂದರೆ ಅಂಗಿಯ ತೋಳು ಕಚ್ಚಿ ನುಂಗುತ್ತಿದ್ದ. ಕಚ್ಚಿ ಕಚ್ಚಿ ಅಭ್ಯಾಸವಾಗಿ ಕನ್ನಡದಲ್ಲಿ ಕೇಳುವಾಗಲೂ ಮುಖ ಸಡಿಲವಾಗುತ್ತಿರಲಿಲ್ಲ. ನುಂಗಿದ್ದನ್ನು ನೋಟ್‌ಬುಕ್ಕಿನಲ್ಲಿ ಬರೆಯುತ್ತಿದ್ದ. ಇದು ತಾನು ಅವಳಿಗೆ ಮಾಡುವ ಸೇವೆ ಎಂದು ಅವನು ತಿಳಿದಿದ್ದ. ಅವಳು ಏನು ತಿಳಿದಿದ್ದಾಳೆ ಎಂದು ಕೇಳಲು ಹೋಗಿರಲಿಲ್ಲ.

ಹೋದ ತಿಂಗಳು ರೇಡಿಯೋದ ವೆರೊನಿಕ್‌ಳಿಂದ ಪತ್ರ ಬಂತು. ಕಾರ್ಯಕ್ರಮ ನಡೆಸುವವಳು ಅವಳೇ, ಹಳೆಯ ಸ್ನೇಹಿತೆ, ಆದ್ದರಿಂದ ಮುಚ್ಚುಮರೆ ಮಾಡಿರಲಿಲ್ಲ. ಈಚೆಗೆ ನಿನ್ನ ಹಾಸ್ಯ ಆಸ್ಪತ್ರೆಯ ಕಾರಿಡಾರಿನಷ್ಟು ಸ್ವಚ್ಛವಾಗಿದೆ, ಅದರಲ್ಲಿ ಮನುಷ್ಯರೇ ಓಡಾಡುವುದಿಲ್ಲ. ಏಪ್ರಿಲ್ ಮೂರನೆಯ ಬುಧವಾರದೊಳಗೆ, ಸೆಪ್ಟೆಂಬರಿನಲ್ಲಿ ಶುರುವಾಗುವ ಮುಂದಿನ ವರ್ಷಕ್ಕೆ ಒಂದು ಹೊಸ ಮಾದರಿ ಕಳಿಸು. ಇಲ್ಲವಾದರೆ ಜೂನ್‌ಗೆ ಮುಗಿಸೋಣ. ಪತ್ರವನ್ನು ರಾಬಿಯಾ ಅವನಿಗೆ ಕನ್ನಡದಲ್ಲಿ ಓದಿ ಹೇಳಿದ್ದಳು.

"ಅವಳು ಹೇಳಿದ್ದು ಸರಿ," ಎಂದಿದ್ದಳು. "ಮೂರು ವರ್ಷದಿಂದ ನನ್ನ ಎದುರು ಕೋಟು ಮಾತ್ರ ಉಂಟು. ಜನ ನಕ್ಕದ್ದು ನಾನು ಕೇಳಲೇ ಇಲ್ಲ. ಹಯವದನ್ ಅವರು ಕರೆದಿದ್ದಾರಲ್ಲ, ಆ ಶನಿವಾರ ಕನ್ನಡದಲ್ಲೇ ಹತ್ತು ನಿಮಿಷ ನಿಂತು ನೋಡ್ತೇನೆ. ಹಳೆಯ ಗಟ್ಟಿ ಜೋಕುಗಳನ್ನೇ ಹೇಳ್ತೇನೆ. ಅದಕ್ಕೂ ಯಾರೂ ನಗದಿದ್ರೆ ಮುಗೀತು. ವೆರೊನಿಕ್‌ಗೆ ಥ್ಯಾಂಕ್ಸ್ ಹೇಳಿ, ಕೊಮ್ಯೂನ್‌ನವರ ಡಾಗಿಸ್ ಕೋರ್ಸಿಗೆ ಸೇರ್ತೇನೆ. ಮಕ್ಕಳು ನಗ್ತಾರೆ, ಅದು ಗ್ಯಾರಂಟಿ."

ಅವಳು ತಮಾಷೆಗೆ ಹೇಳುತ್ತಿಲ್ಲ ಎಂದು ಮೋಯಿನ್‌ಗೆ ಗೊತ್ತಿತ್ತು. ಪುರಸಭೆಯ ಶಿಶುವಿಹಾರದಲ್ಲಿ ಮಕ್ಕಳನ್ನು ನೋಡಿಕೊಳ್ಳಲು ಕಲಿಸುವ ಆ ಕೋರ್ಸಿನ ಅರ್ಜಿ ಅಡುಗೆಮನೆಯ ಮೇಜಿನ ಮೇಲೆ ತುಂಬಿಸಿಟ್ಟಿತ್ತು, ಸಹಿಯೊಂದು ಬಾಕಿ.

ಹದಿನಾಲ್ಕನೆಯ ಹಾಳೆ ಮುಗಿದಾಗ ಹಯವದನರ ಹಣೆಯಲ್ಲಿ ಬೆವರಿತ್ತು. ಸಭಿಕರಲ್ಲಿ ಕೆಲವರು ಅಡುಗೆ ಕೋಣೆಯ ಕಡೆ ನೋಡತೊಡಗಿದ್ದರು. ಶಾಲೆಯ ಸಭಾಂಗಣ ಆರರವರೆಗೆ ಮಾತ್ರ, ಈಗಲೇ ನಾಲ್ಕೂವರೆ. ಬಾಗಿಲಲ್ಲೇ ಶೂ ಕಳಚಬೇಕೆಂಬುದು ಶಾಲೆಯ ನಿಯಮ, ಹಾಗಾಗಿ ರೇಷ್ಮೆ ಸೀರೆಗಳ ಕೆಳಗೆ ಉಣ್ಣೆಯ ಕಾಲುಚೀಲಗಳು ಅಸಹನೆಯಿಂದ ಅಲುಗಾಡುತ್ತಿದ್ದವು. ಸನ್ಮಾನವಾಯಿತು. ಶಾಲು ಹೊದಿಸಿದರು, ಹಣ್ಣಿನ ಬುಟ್ಟಿ ಕೊಟ್ಟರು, ಯಾರದೋ ಸೂಟ್‌ಕೇಸಿನಲ್ಲಿ ಬಂದಿದ್ದ ಮೈಸೂರು ಪೇಟವನ್ನು ಅವಳ ನೀಲಿ ಸ್ಕಾರ್ಫಿನ ಮೇಲೆಯೇ ಇಟ್ಟರು. ಪೇಟ ಜಾರಿ ಹುಬ್ಬಿನವರೆಗೆ ಬಂತು.

"ಈಗ ಹಾಸ್ಯ ಕಾರ್ಯಕ್ರಮ," ಎಂದು ಹಯವದನ ಸಾರಿ ಕೂತರು.

ರಾಬಿಯಾ ಮೈಕಿನ ಮುಂದೆ ಬಂದು ನಿಂತಳು. ಅಂಗೈಯಲ್ಲಿದ್ದ ಚೀಟಿ ಈಗ ಗುಳಿಗೆಯಷ್ಟಾಗಿತ್ತು. ಅವಳು ಸಭೆಯನ್ನು ನೋಡಿದಳು. ಎಂಬತ್ತು ಜನ ಅವಳನ್ನು ನೋಡಿದರು. ಹೀಗೆ ಎಷ್ಟು ಹೊತ್ತು ಕಳೆಯಿತೋ, ಅಷ್ಟು ಮೌನವನ್ನು ಮೋಯಿನ್ ತನ್ನ ಪ್ರಯೋಗಾಲಯದಲ್ಲೂ ಅಳೆದಿರಲಿಲ್ಲ. ಏನಾದರೂ ಹೇಳು, ಏನಾದರೂ, ಎಂದು ಮನಸ್ಸಿನಲ್ಲೇ ಬೇಡಿಕೊಂಡ.

ಅವಳು ಪೇಟವನ್ನು ಒಂದು ಬೆರಳಿನಿಂದ ಮೇಲೆತ್ತಿ, ವೇದಿಕೆಯ ಅಂಚಿನಲ್ಲಿ ಕೈಯಲ್ಲೊಂದು ಕಾಗದ ಹಿಡಿದು ಕಾಯುತ್ತಿದ್ದವರ ಕಡೆ ತಿರುಗಿದಳು.

"ಭಾಸ್ಕರ್ ಸರ್, ವಂದನಾರ್ಪಣೆ ನಿಮ್ಮದಲ್ವಾ? ಆ ಚೀಟಿ ಒಮ್ಮೆ ಕೊಡಿ."

ಭಾಸ್ಕರ ತಬ್ಬಿಬ್ಬಾಗಿ ಕೊಟ್ಟರು.

"ನನ್ನ ಕಾರ್ಯಕ್ರಮವನ್ನು ಹಯವದನ್ ಸರ್ ಚೆಂದ ಮಾಡಿ ಮುಗಿಸಿಕೊಟ್ಟರು," ಎಂದಳು ರಾಬಿಯಾ. "ಹತ್ತು ನಿಮಿಷದ್ದನ್ನು ಇಪ್ಪತ್ತೈದು ನಿಮಿಷ ಮಾಡಿದರು. ನಾನು ಮರೆತಿದ್ದ ಜೋಕು ಸಹ ಅವರಿಗೆ ನೆನಪುಂಟು. ಇನ್ನು ನನಗೆ ಉಳಿದದ್ದು ವಂದನಾರ್ಪಣೆ ಮಾತ್ರ."

ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರು. ಹಯವದನ ಅರ್ಥವಾಗದೆ ಹೆಂಡತಿ ಜಾನಕಿಯ ಮುಖ ನೋಡಿದರು. ಜಾನಕಿ ಆಗಲೇ ಸೆರಗು ಬಾಯಿಗೆ ಒತ್ತಿಕೊಂಡಿದ್ದಳು.

ಮೋಯಿನ್ ನೆಟ್ಟಗೆ ಕೂತ. ಮನೆಯಲ್ಲಿ ಒಂದು ವಾರ ಅಭ್ಯಾಸ ಮಾಡುವಾಗ ಅವಳು ಪುಸ್ತಕದ ಕನ್ನಡ ಆಡುತ್ತಿದ್ದಳು. ಬೆಂಗಳೂರಿನವರ ಮುಂದೆ ತನ್ನ ಪುತ್ತೂರಿನ ಮಾತು ನಗೆಪಾಟಲಾದೀತು ಎಂದು ಅವಳಿಗೆ ಸಂಕೋಚ. ಜನರನ್ನು ನಗಿಸಿಯೇ ಬದುಕಿದವಳಿಗೆ ಅದೆಂಥ ಸಂಕೋಚವೋ! ಈಗ ಆ ಸಂಕೋಚ ಬಾಗಿಲಲ್ಲಿ ಶೂಗಳ ಜೊತೆ ಉಳಿದುಹೋಗಿತ್ತು.

"ಮೊದಲನೆಯದಾಗಿ, ಸಭಾಂಗಣ ಕೊಟ್ಟ ಕೊಮ್ಯೂನ್‌ಗೆ ವಂದನೆ," ಎಂದು ಚೀಟಿ ನೋಡಿ ಓದಿದಳು. "ಬಾಗಿಲಲ್ಲಿ ಬೋರ್ಡು ಉಂಟು, ನೋಡಿದಿರಾ? ಹುರಿಯಬಾರದು, ಕರಿಯಬಾರದು, ಹೊಗೆ ಎಬ್ಬಿಸಬಾರದು. ಎಬ್ಬಿಸಿದರೆ ಬೆಂಕಿ ನಂದಿಸುವವರು ತಾವಾಗಿಯೇ ಬರ್ತಾರೆ. ನಾನು ಈ ದೇಶಕ್ಕೆ ಬಂದ ಮೊದಲನೇ ವಾರ ಸಾರಿಗೆ ಒಗ್ಗರಣೆ ಹಾಕಿದೆ. ಏಳು ಜನ ಬಂದರು ಮಾರಾಯ್ರೇ, ಹೆಲ್ಮೆಟ್ ಹಾಕಿಕೊಂಡು. ನಮ್ಮ ಊರಲ್ಲಿ ಒಗ್ಗರಣೆ ವಾಸನೆಗೆ ಪಕ್ಕದ ಮನೆಯವರು ಸಹ ಬರುವುದಿಲ್ಲ. ನಾನು ಎಂತ ಮಾಡುವುದು? ಬಂದವರಿಗೆ ಊಟ ಹಾಕಿದೆ."

ಈಗ ನಗು ಒಂದು ಮೂಲೆಯಿಂದ ಎದ್ದು ಇನ್ನೊಂದು ಮೂಲೆಗೆ ಹೋಯಿತು. ಈ ಸಭೆಯಲ್ಲಿ ಒಗ್ಗರಣೆಗೆ ಅಲಾರಂ ಬಾರಿಸದ ಮನೆ ಒಂದೂ ಇರಲಿಲ್ಲ.

"ಎರಡನೆಯದು, ಹಣ್ಣಿನ ಬುಟ್ಟಿ." ಅವಳು ಬುಟ್ಟಿ ಎತ್ತಿ, ಹೊಳೆಯುವ ಹಾಳೆಯ ಸಂದಿಯಲ್ಲಿ ಬೆರಳು ತೂರಿಸಿ ತಳ ಮುಟ್ಟಿ ನೋಡಿದಳು. "ಮೇಲೆ ನಾಲ್ಕು ಸೇಬು, ಕೆಳಗೆಲ್ಲ ಪೇಪರು. ಊರು ಬಿಟ್ಟು ಇಪ್ಪತ್ತೆಂಟು ವರ್ಷ ಆಯ್ತು ನನಗೆ. ನಮ್ಮವರು ಬದಲಾದರೋ ಅಂತ ಹೆದರಿಕೆ ಇತ್ತು. ಇಲ್ಲ, ಹಾಗೇ ಇದ್ದಾರೆ." ಚಪ್ಪಾಳೆ ಬಿತ್ತು. ಈ ಚಪ್ಪಾಳೆಯ ಸದ್ದೇ ಬೇರೆ. "ಮೂರನೆಯದು, ಈ ಪೇಟ. ಬ್ರಸೆಲ್ಸ್‌ನಲ್ಲಿ ನನ್ನ ಒಂದು ಸ್ಕಾರ್ಫನ್ನು ನೋಡಿ ಟಿವಿಯಲ್ಲಿ ಹನ್ನೆರಡು ಜನ ಕೂತು ಚರ್ಚೆ ಮಾಡಿದ್ದಾರೆ. ಅದರ ಮೇಲೆ ಇದನ್ನೂ ನೋಡಿದರೆ ಪಾರ್ಲಿಮೆಂಟನ್ನೇ ಕರೀಬೇಕಾದೀತು."

ಅಧ್ಯಕ್ಷರು ಕುರ್ಚಿಯ ಕೈ ಹಿಡಿದುಕೊಂಡು ನಗುತ್ತಿದ್ದರು. ಮೋಯಿನ್ ಬರೀ ನೋಡುತ್ತಿದ್ದ. ಒಂದು ಮಾತು ಹೇಳಿ ಅವಳು ಉಸಿರು ತೆಗೆದುಕೊಳ್ಳುವ ಜಾಗ, ನಗು ಇಳಿಯುವುದಕ್ಕೆ ಸ್ವಲ್ಪ ಮೊದಲೇ ಮುಂದಿನ ಮಾತು ಇಡುವ ಲೆಕ್ಕ, ಯಾರು ನಗಲಿಲ್ಲವೋ ಅವರನ್ನೇ ನೋಡಿ ಹೇಳುವ ಹಟ. ಕೈಯಲ್ಲಿದ್ದದ್ದು ಬೇರೆಯವರ ಚೀಟಿ, ಒಂದು ಪದವೂ ಸಿದ್ಧಪಡಿಸಿದ್ದಲ್ಲ. ಇವಳು ಇಷ್ಟು ದೊಡ್ಡವಳೆಂದು ಗೊತ್ತಿದ್ದೂ ತಾನು ಬೀರುವಿನ ಹೊರಗೆ ಕಲ್ಲಿನಂತೆ ಕೂತಿದ್ದೆನಲ್ಲ ಎಂದು ಅವನಿಗೆ ಹೆಮ್ಮೆಯೂ ನಾಚಿಕೆಯೂ ಒಟ್ಟಿಗೇ ಆಯಿತು.

"ಕೊನೆಯದಾಗಿ," ಅವಳು ಚೀಟಿಯನ್ನು ಹತ್ತಿರ ಹಿಡಿದಳು. "ಅತಿಥಿಗಳ ಬಗ್ಗೆ ತಮ್ಮ ನೋಟ್‌ಬುಕ್ಕಿನಿಂದ ಹದಿನಾಲ್ಕು ಪುಟ ಮಾಹಿತಿಯನ್ನು ಪ್ರೀತಿಯಿಂದ ಒದಗಿಸಿದ ಶ್ರೀ ಮೋಯಿನ್ ಅವರಿಗೆ..."

ಓದು ನಿಂತಿತು. ಅವಳು ತುಟಿಯಾಡಿಸುತ್ತ ಆ ಸಾಲನ್ನು ಇನ್ನೊಮ್ಮೆ ಓದಿಕೊಂಡಳು. ನಂತರ ತಲೆಯೆತ್ತಿ ಮೂರನೆಯ ಸಾಲನ್ನು ಹುಡುಕಿದಳು. ಮೋಯಿನ್ ಪಕ್ಕದಲ್ಲಿದ್ದ ಮಗಳ ಕೈ ಗಟ್ಟಿಯಾಗಿ ಹಿಡಿದುಕೊಂಡ.

"ಹದಿನಾಲ್ಕು ಪುಟ," ಎಂದಳು ರಾಬಿಯಾ ಮೆಲ್ಲಗೆ. ಸಭೆ ಕಿವಿಗೊಟ್ಟಿತು. "ಅಲ್ಲಿ ಕೂತಿದ್ದಾರಲ್ಲ, ನನ್ನ ಗಂಡ. ಸದ್ದು ಅಳೆಯುವ ಇಂಜಿನಿಯರ್. ಒಂಬತ್ತು ವರ್ಷದಿಂದ ಪ್ರತಿ ಬುಧವಾರ ನಾನು ಇವರಿಗೆ ಒಂದು ಹಾಸ್ಯ ಹೇಳಿದ್ದೇನೆ. ಒಂದು ಡೆಸಿಬಲ್ ನಗಲಿಲ್ಲ ಮಾರಾಯ್ರೇ. 'ಆಮೇಲೆ?' ಅಂತ ಕೇಳ್ತಾರೆ. ಪೊಲೀಸರು ಕೇಳುವ ಹಾಗೆ. ನಾನು ಎಣಿಸಿದೆ, ಇವರಿಗೆ ನನ್ನ ಹಾಸ್ಯ ಹಿಡಿಸುವುದಿಲ್ಲ, ಪಾಪ, ಹೆಂಡತಿ ಅಂತ ಸಹಿಸಿಕೊಂಡಿದ್ದಾರೆ." ಅವಳ ದನಿ ಒಂದು ಕ್ಷಣ ಹಿಡಿಯಿತು. ಆದರೆ ಅವಳು ಪಳಗಿದವಳು, ಆ ಹಿಡಿದ ದನಿಯನ್ನೇ ಮೆಟ್ಟಿಲು ಮಾಡಿಕೊಂಡಳು. "ಈಗ ನೋಡಿದರೆ ನಗುವ ಬದಲು ಬರೆದುಕೊಂಡಿದ್ದಾರೆ! ಇಂಥವರನ್ನು ಎಂತ ಮಾಡುವುದು? ಬೈಯುವ ಅಂದರೆ ಅದನ್ನೂ ಬರೆದುಕೊಳ್ತಾರೆ. ಮುಂದಿನ ಯುಗಾದಿಗೆ ಹಯವದನ್ ಸರ್ ಅದನ್ನೂ ಓದ್ತಾರೆ!"

ಸಭೆ ಬಿದ್ದು ಬಿದ್ದು ನಕ್ಕಿತು. ಆ ನಗುವಿನ ನಡುವಿನಿಂದ ಇನ್ನೊಂದು ನಗು ಎದ್ದಿತು. ತುಕ್ಕು ಹಿಡಿದ ಬಾವಿಯ ರಾಟೆ ತಿರುಗಿದ ಹಾಗೆ ಕೀರಲಾಗಿ ಶುರುವಾಗಿ, ಬಿಕ್ಕಿ, ನಿಂತು, ಮತ್ತೆ ಜೋರಾಯಿತು. ಮೋಯಿನ್ ತೋಳು ಕಚ್ಚಲು ಹೋದ. ಆಗಲಿಲ್ಲ. ಒಂಬತ್ತು ವರ್ಷ ನುಂಗಿದ್ದೆಲ್ಲ ಕಣ್ಣು ಮೂಗು ಬಾಯಿಗಳಿಂದ ಒಟ್ಟಿಗೇ ಹೊರಬರುತ್ತಿತ್ತು. ಉಳಿದವರು ತಮ್ಮ ನಗು ನಿಲ್ಲಿಸಿ ಅವನ ನಗುವನ್ನು ಕೇಳತೊಡಗಿದರು.

"ಟ್ಯೂಸ್ಟ್, ಪಪ್ಪಾ!" ಅಫ್ಶೀನ್ ನಾಚಿಕೆಯಿಂದ ಅವನ ಅಂಗಿ ಎಳೆದಳು. ಸದ್ದು ಮಾಡಬೇಡ ಎಂಬ ಆ ಸ್ವೀಡಿಷ್ ಮಾತನ್ನು ಪ್ರತಿ ಬುಧವಾರ ಅವನೇ ಅವಳಿಗೆ ಹೇಳುತ್ತಿದ್ದದ್ದು.

ವೇದಿಕೆಯ ಮೇಲೆ ರಾಬಿಯಾ ಮೈಕನ್ನು ಮರೆತು, ಪೇಟ ಓರೆಯಾಗಿ, ಕಿವಿಗೊಟ್ಟು ನಿಂತಿದ್ದಳು.

"ಇದಾ?" ಎಂದಳು, ಸಭೆಗಲ್ಲ, ಅವನೊಬ್ಬನಿಗೆ. "ಇದಾ ನಿನ್ನ ನಗು?"

ಊಟಕ್ಕೆ ಕೂತಾಗ ಹಯವದನ ತಟ್ಟೆ ಹಿಡಿದು ಬಂದರು. "ಮೇಡಂ, ಸಾರಿ. ನಾನು ಎಲ್ಲಾ ಓದ್ಬಿಟ್ಟೆ, ಅಲ್ವಾ? ಜಾನಕಿ ಈಗ ಹೇಳಿದ್ಲು." ಅವರ ಮುಖ ಸಣ್ಣಗಾಗಿತ್ತು. "ನೀವು ಓದದಿದ್ದರೆ ನನಗೆ ಇದು ಸಿಕ್ಕುತ್ತಿರಲಿಲ್ಲ ಸರ್," ಎಂದು ರಾಬಿಯಾ ತನ್ನ ತಟ್ಟೆಯ ಹೋಳಿಗೆಯನ್ನು ಅವರ ತಟ್ಟೆಗೆ ಹಾಕಿದಳು.

ಬುಧವಾರ ಸಂಜೆ ಮೋಯಿನ್ ಕೆಲಸದಿಂದ ಬಂದಾಗ ಮೇಜಿನ ಮೇಲೆ ಕೋರ್ಸಿನ ಅರ್ಜಿ ಇರಲಿಲ್ಲ. ಅದರ ಹಿಂಬದಿಯಲ್ಲಿ ಮಗಳು ಹೆಲ್ಮೆಟ್ ಹಾಕಿದ ಏಳು ಜನರ ಚಿತ್ರ ಬರೆಯುತ್ತಿದ್ದಳು. ಅವನು ಎಂದಿನಂತೆ ಬೀರುವಿನ ಹೊರಗೆ ನೆಲದ ಮೇಲೆ ಕೂರಲು ಹೋದ. ಒಳಗಿನಿಂದ ಕಂಬಳಿ ಸರಿಯಿತು.

"ಅಲ್ಲಿ ಎಂತ ಮಾಡ್ತಿ? ಒಳಗೆ ಬಾ."

"ರೆಕಾರ್ಡಿಂಗ್ ಕೆಡುತ್ತೆ."

"ಕೆಡಲಿ ಬಾ ಮಾರಾಯ."

ಅವನು ಕೋಟುಗಳನ್ನು ಸರಿಸಿ, ಅವಳ ಮೊಣಕಾಲಿಗೆ ಮೊಣಕಾಲು ತಾಗಿಸಿ ಕೂತ. ಅವಳು ಮೈಕಿನ ಗುಂಡಿ ಒತ್ತಿದಳು.

ಸೆಪ್ಟೆಂಬರಿನ ಮೊದಲ ಗುರುವಾರ, ಎಂಟಕ್ಕೆ ಹತ್ತು ನಿಮಿಷ ಇರುವಾಗ, ಮೋಯಿನ್ ಕೆಲಸಕ್ಕೆ ಹೋಗುವ ಬಸ್ಸಿನಲ್ಲಿದ್ದ. ಕಿವಿಯಲ್ಲಿ ಬ್ರಸೆಲ್ಸ್‌ನ ರೇಡಿಯೋ. ವೆರೊನಿಕ್ ರೇಡಿಯೋದ ಹೊಸ ವರ್ಷದ ಕಾರ್ಯಕ್ರಮಕ್ಕೆ ಸ್ವಾಗತ ಹೇಳಿದಳು. ನಂತರ ರಾಬಿಯಾಳ ದನಿ ಬಂತು. ಈ ವರ್ಷ ಪ್ರತಿ ಗುರುವಾರ ಅವಳು ಒಬ್ಬೊಬ್ಬರಿಗೆ ವಂದನೆ ಸಲ್ಲಿಸುತ್ತಾಳೆ. ಏಪ್ರಿಲ್‌ನಲ್ಲಿ ಬೀರುವಿನೊಳಗೆ ಮಾಡಿದ ಆ ಮಾದರಿಯನ್ನೇ ಮೊದಲ ಕಂತಾಗಿ ಹಾಕಿದ್ದರು. ಬ್ರಸೆಲ್ಸ್‌ನಲ್ಲಿದ್ದಾಗಲೂ ಕಲಿಯದೆ ಬಿಟ್ಟ ಫ್ರೆಂಚಿನ ಹೊಳೆಯಲ್ಲಿ ಅವನಿಗೆ ಹಿಡಿಯಲು ಸಿಕ್ಕಿದ್ದು ಒಂದೊಂದು ಹೆಸರು ಮಾತ್ರ. ಹಯವದನ್, ಜಾನಕಿ, ಭಾಸ್ಕರ್. ಆಮೇಲೆ ಅವನದೇ ಹೆಸರು. ಆ ಹೆಸರಿನ ಹಿಂದೆ, ಕೋಟುಗಳ ನಡುವಿನಿಂದ ಬಂದಂತೆ ಮಂದವಾಗಿ, ಒಬ್ಬ ಗಂಡಸು ನಗುವುದು ಕೇಳಿಸಿತು. ತುಕ್ಕು ಇನ್ನೂ ಪೂರ್ತಿ ಬಿಟ್ಟಿರಲಿಲ್ಲ.

ಸ್ವೀಡನ್ನಿನ ಬಸ್ಸಿನಲ್ಲಿ ಬೆಳಗಿನ ಹೊತ್ತು ಯಾರೂ ಯಾರ ಮುಖವನ್ನೂ ನೋಡುವುದಿಲ್ಲ. ಎದುರಿನ ಸೀಟಿನಲ್ಲಿದ್ದ ಮುದುಕಿ ಮಾತ್ರ ಪತ್ರಿಕೆಯನ್ನು ಮೆಲ್ಲಗೆ ಕೆಳಗಿಳಿಸಿ ಅವನನ್ನು ದಿಟ್ಟಿಸಿದಳು. ಕಿವಿಯಲ್ಲಿ ಹಾಸ್ಯ ಮುಗಿದು ಸಂಗೀತ ಬಂದಿತ್ತು. ನಗು ನಿಂತಿರಲಿಲ್ಲ. ಅದು ರೇಡಿಯೋದಿಂದ ಬರುತ್ತಿಲ್ಲ ಎಂದು ಮೋಯಿನ್‌ಗೆ ಗೊತ್ತಾಗುವಷ್ಟರಲ್ಲಿ, ಮುದುಕಿಯ ತುಟಿಯ ಅಂಚು ಅಲುಗಾಡತೊಡಗಿತ್ತು.